ಜಾತಕದ ಕಂಪ್ಯೂಟರು ಎಡಕ್ಕೆ ಹೂ ಕೊಟ್ಟ ದಿನ

ಹೊಳಲ್ಕೆರೆ ಬಸ್‌ಸ್ಟ್ಯಾಂಡಿನಿಂದ ಕೂಗಳತೆಯ ದೂರದಲ್ಲಿ ನನ್ನದೊಂದು ಕಂಪ್ಯೂಟರ್ ರಿಪೇರಿ ಅಂಗಡಿ ಇದೆ. ಬೋರ್ಡಿನ ಮೇಲೆ 'ಸೇಲ್ಸ್ ಅಂಡ್ ಸರ್ವಿಸ್' ಎಂದು ಬರೆಸಿದ್ದೇನೆ. ಸೇಲ್ಸ್ ಎಂಬುದು ಬೋರ್ಡಿನ ಅಂದಕ್ಕೆ. ಒಳಗೆ ಕಾಲಿಟ್ಟವರು ಸುತ್ತಲೂ ಕಣ್ಣಾಡಿಸಿ, "ರಿಪೇರಿ ಮಾಡೋರು ಇಲ್ವೇನಮ್ಮ?" ಎಂದು ನನ್ನನ್ನೇ ಕೇಳುತ್ತಾರೆ. ಮೊದಮೊದಲು ಸಿಟ್ಟು ಬರುತ್ತಿತ್ತು. ಈಗ "ಊಟಕ್ಕೆ ಹೋಗ್ಯಾರೆ, ಕುಂತ್ಕಳ್ರಿ" ಎಂದು ಹೇಳಿ, ಅವರ ಎದುರಿಗೇ ಮಿಷಿನ್ ಬಿಚ್ಚಿ, ಸರಿ ಮಾಡಿ, ಕೈಗೆ ಕೊಟ್ಟು ಕಳಿಸುತ್ತೇನೆ. ಒಬ್ಬ ಮಹಾಶಯರು ಸರಿಯಾದ ಕಂಪ್ಯೂಟರನ್ನು ಎತ್ತಿಕೊಂಡು ಹೊರಡುವಾಗ, "ಅವರು ಊಟ ಮುಗಿಸಿ ಬಂದ್ರೆ ನಂಗೊಂದು ಫೋನ್ ಮಾಡಕ್ಕೆ ಹೇಳಮ್ಮ, ನೀನು ಮಾಡಿದ್ದು ಸರಿ ಐತಾ ಅಂತ ಕೇಳ್ಬೇಕು" ಎಂದು ಹೇಳಿ ಹೋಗಿದ್ದರು.

ಅಂಗಡಿಗೆ ಬರುವ ರೋಗಗಳಲ್ಲಿ ನನಗೆ ಬಲು ಪ್ರಿಯವಾದದ್ದು ಕಡತ ಕಾಣೆಯಾಗುವ ರೋಗ. ಪರದೆಯ ನಡುವೆ ಪುಟ್ಟದೊಂದು ಕಿಟಕಿ ತೆರೆದುಕೊಳ್ಳುತ್ತದೆ, ಕೆಂಪು ಬೊಟ್ಟಿನೊಳಗೆ ಇಂಟು ಗುರುತು ಮೂಡುತ್ತದೆ. ಇಂಥ ಹೆಸರಿನ ಡಿಎಲ್‌ಎಲ್ ಕಡತ ಈ ಕಂಪ್ಯೂಟರಿನಲ್ಲಿಲ್ಲ, ಆದ್ದರಿಂದ ಕೆಲಸ ಮುಂದುವರಿಯುವುದಿಲ್ಲ ಎಂದು ಇಂಗ್ಲಿಷಿನಲ್ಲಿ ಬರೆದಿರುತ್ತದೆ. ಏನು ಇಲ್ಲ, ಅದರ ಹೆಸರೇನು, ಅದಿಲ್ಲದೆ ಏನು ನಿಂತಿದೆ, ಎಲ್ಲವೂ ಅಲ್ಲೇ ಇದೆ. ಇಷ್ಟು ನೇರವಾಗಿ ಮಾತಾಡುವ ಮನುಷ್ಯರು ನಮ್ಮ ಜಿಲ್ಲೆಯಲ್ಲಿ ಸಿಗುವುದು ಕಷ್ಟ. ಆದರೂ ಅದನ್ನು ಓದುವ ಗೋಜಿಗೆ ಯಾರೂ ಹೋಗುವುದಿಲ್ಲ. ಓಕೆ ಒತ್ತುತ್ತಾರೆ. ಮತ್ತೆ ತೆರೆಯುತ್ತಾರೆ, ಮತ್ತೆ ಓಕೆ ಒತ್ತುತ್ತಾರೆ. ಭೀಮಸಮುದ್ರದ ಅಡಿಕೆ ವ್ಯಾಪಾರಿಯೊಬ್ಬರು ವಾರವಿಡೀ ಹೀಗೆ ಓಕೆ ಒತ್ತುತ್ತ ಕೂತಿದ್ದರಂತೆ. ಒಂದಲ್ಲ ಒಂದು ದಿನ ಅದಕ್ಕೇ ಬೇಜಾರಾಗಿ ದಾರಿ ಬಿಡುತ್ತದೆ ಎಂಬುದು ಅವರ ಲೆಕ್ಕಾಚಾರ.

ಡಿಎಲ್‌ಎಲ್ ಎಂದರೆ ಬ್ರಹ್ಮವಿದ್ಯೆಯೇನಲ್ಲ. ಯಾವ ಪ್ರೋಗ್ರಾಮೂ ತನ್ನ ಕೆಲಸವನ್ನೆಲ್ಲ ತಾನೇ ಮಾಡಿಕೊಳ್ಳುವುದಿಲ್ಲ. ಅಕ್ಷರ ಮೂಡಿಸುವುದು, ಲೆಕ್ಕ ಹಾಕುವುದು, ಪ್ರಿಂಟರಿಗೆ ಕಳಿಸುವುದು, ಇಂಥ ಎಲ್ಲರಿಗೂ ಬೇಕಾದ ಕೆಲಸಗಳನ್ನು ಕೆಲವು ಕಡತಗಳಲ್ಲಿ ಬರೆದು ಒಂದು ಕಡೆ ಇಟ್ಟಿರುತ್ತಾರೆ. ಬೇಕಾದ ಪ್ರೋಗ್ರಾಮು ಬೇಕಾದಾಗ ಬಂದು ಬಳಸಿಕೊಳ್ಳುತ್ತದೆ. ಹತ್ತು ಪ್ರೋಗ್ರಾಮಿಗೆ ಒಂದೇ ಕಡತ ಸಾಕು, ಜಾಗವೂ ಉಳಿಯುತ್ತದೆ. ಒಳ್ಳೆಯ ಏರ್ಪಾಡೇ. ಆದರೆ ಎಲ್ಲರಿಗೂ ಸೇರಿದ ವಸ್ತುವಿಗೆ ನಮ್ಮಲ್ಲಿ ಎಂಥ ಗತಿ ಬರುತ್ತದೆ ಎಂಬುದನ್ನು ಬೀದಿ ನಲ್ಲಿ ಕಂಡವರಿಗೆ ಬಿಡಿಸಿ ಹೇಳಬೇಕಾಗಿಲ್ಲ.

ಈ ರೋಗಕ್ಕೆ ನಮ್ಮ ಜನ ಕಂಡುಕೊಂಡಿರುವ ಮದ್ದು ಹೆಪ್ಪು ತರುವುದು. ಮನೆಯಲ್ಲಿ ಮೊಸರು ಮುಗಿದಾಗ ಲೋಟ ಹಿಡಿದು ಪಕ್ಕದ ಮನೆಗೆ ಹೋಗುತ್ತೇವಲ್ಲ, ಹಾಗೆ ಪೆನ್‌ಡ್ರೈವ್ ಹಿಡಿದು ಪಕ್ಕದ ಅಂಗಡಿಗೆ ಹೋಗುತ್ತಾರೆ. "ನಿಮ್ಮಲ್ಲಿ ಈ ಹೆಸರಿಂದು ಐತೇನ್ರಿ?" ಅವರಲ್ಲಿರುತ್ತದೆ, ಧಾರಾಳವಾಗಿ ಕೊಡುತ್ತಾರೆ. ತಂದು ಹಾಕಿದರೆ ಹಳೇ ಎರರ್ ಹೋಗಿ ಹೊಸ ಎರರ್ ಬರುತ್ತದೆ. ಯಾಕೆಂದರೆ ಒಂದೇ ಹೆಸರಿನಲ್ಲಿ ಎರಡು ತಳಿಗಳಿವೆ, ಮೂವತ್ತೆರಡು ಬಿಟ್ಟಿನದು ಮತ್ತು ಅರವತ್ನಾಲ್ಕು ಬಿಟ್ಟಿನದು. ಹಳೆಯ ಪ್ರೋಗ್ರಾಮುಗಳಿಗೆ ಮೂವತ್ತೆರಡರದೇ ಆಗಬೇಕು. ಇನ್ನು ಇವೆರಡನ್ನೂ ಇಟ್ಟಿರುವ ಫೋಲ್ಡರುಗಳ ನಾಮಕರಣ ಮಾಡಿದ ಪುಣ್ಯಾತ್ಮರಿಗೆ ನಾನು ದಿನಾ ಒಂದು ನಮಸ್ಕಾರ ಹಾಕುತ್ತೇನೆ. ಮೂವತ್ತೆರಡು ಎಂದು ಹೆಸರಿರುವ ಫೋಲ್ಡರಿನಲ್ಲಿ ಅರವತ್ನಾಲ್ಕರ ಕಡತಗಳಿವೆ, ಅರವತ್ನಾಲ್ಕು ಎಂದು ಹೆಸರಿರುವುದರಲ್ಲಿ ಮೂವತ್ತೆರಡರವು. ಇದಕ್ಕೆ ಕಾರಣವಿದೆ, ನನಗೆ ಗೊತ್ತೂ ಇದೆ, ಆದರೆ ಅದನ್ನು ಕೇಳಿ ಯಾರಿಗೂ ಸಮಾಧಾನವಾದದ್ದನ್ನು ನಾನು ನೋಡಿಲ್ಲ.

ಚಿಕ್ಕಜಾಜೂರಿನವರೊಬ್ಬರು ನನ್ನ ಅಂಗಡಿಗೆ ಮೊದಲ ಸಲ ಬಂದದ್ದೂ ಈ ರೋಗ ಹೊತ್ತುಕೊಂಡೇ. ಅಲ್ಲಿನ ರೈಲ್ವೆ ಸ್ಟೇಷನ್ನಿನಲ್ಲಿ ಸಿಗ್ನಲ್ ನೋಡಿಕೊಳ್ಳುವ ಕೆಲಸ. ಕಾಣೆಯಾದ ಕಡತವನ್ನು ಯಾವುದೋ ಗೊತ್ತುಗುರಿಯಿಲ್ಲದ ವೆಬ್‌ಸೈಟಿನಿಂದ ಇಳಿಸಿಕೊಂಡಿದ್ದರು. ಅದರ ಜೊತೆಗೆ ಲ್ಯಾಪ್‌ಟಾಪಿಗೆ ಹೊಕ್ಕಿದ್ದ ಕ್ರಿಮಿಕೀಟಗಳನ್ನು ಕ್ಲೀನ್ ಮಾಡುವುದಕ್ಕೇ ನನಗೆ ಸಂಜೆಯಾಯಿತು. "ರೈಲು ಓಡಾಡೋ ಹಳಿ ಮೇಲೂ ಹಿಂಗೇ ಸಿಕ್ಕಸಿಕ್ಕಿದ್ದನ್ನ ಬಿಡ್ತೀರೇನ್ರಿ?" ಎಂದು ಕೇಳಿದೆ. ಅವರು ನಕ್ಕರು. ಅಂಗಡಿಯಲ್ಲಿ ನನ್ನ ಮಾತಿಗೆ ನೊಂದುಕೊಂಡವರೇ ಹೆಚ್ಚು, ನಕ್ಕವರು ಅಪರೂಪ. ಮುಂದಿನ ವಾರ ಅದೇ ಲ್ಯಾಪ್‌ಟಾಪ್ ಮತ್ತೆ ಬಂತು. ಏನೂ ಆಗಿಲ್ಲ ಎಂದೆ. "ಇನ್ನೊಂದ್ಸಲ ಸರಿಯಾಗಿ ನೋಡ್ರಿ" ಎಂದರು. ನೋಡಿದೆ, ಲ್ಯಾಪ್‌ಟಾಪನ್ನಲ್ಲ. ಆಮೇಲೆ ಆ ಆರೋಗ್ಯವಂತ ಲ್ಯಾಪ್‌ಟಾಪ್ ಎಷ್ಟು ಸಲ ಚಿಕ್ಕಜಾಜೂರಿನಿಂದ ಹೊಳಲ್ಕೆರೆಗೆ ಬಂದು ಹೋಯಿತೆಂದರೆ, 'ಅವರು' ಎನ್ನುತ್ತಿದ್ದವಳು 'ಅವನು' ಎನ್ನುವಷ್ಟಕ್ಕೆ ಬಂದೆ.

ಅವನ ಮನೆಯಲ್ಲಿ ತಾಯಿ ಒಬ್ಬರೇ. ಮದುವೆ ಮಾತಿಗೆ ಒಪ್ಪಿದರು. ನಮ್ಮ ಮನೆಯಲ್ಲಿ ಒಪ್ಪಬೇಕಾದವನು ದೊಡ್ಡಪ್ಪ. ಹೊಸದುರ್ಗದಿಂದಾಚೆ ನಮ್ಮ ಕುರಿ ಸಾಕುವವರ ಹಟ್ಟಿಯಲ್ಲಿ ಅವನು ಈಗಲೂ ಕುರಿ ಹಿಂದೆ ನಡೆಯುತ್ತಾನೆ. ನಾನು ಶಾಲೆಯಲ್ಲಿದ್ದಾಗಲೇ ಅಪ್ಪ ತೀರಿಕೊಂಡರು. ನನ್ನನ್ನು ಓದಿಸಿದ್ದು, ಹೆಣ್ಣುಮಗಳು ಅಂಗಡಿ ಹಾಕುವುದೇನು ಎಂದವರ ಬಾಯಿ ಮುಚ್ಚಿಸಿದ್ದು ದೊಡ್ಡಪ್ಪನೇ. ಅವನು ಬೇಡ ಎಂದರೆ ನಾನು ಮೀರುವವಳಲ್ಲ. ಇದನ್ನು ಚಿಕ್ಕಜಾಜೂರಿನವನಿಗೂ ಹೇಳಿದ್ದೆ. ಅವನು ಲ್ಯಾಪ್‌ಟಾಪಿನ ಚೀಲದ ಜಿಪ್ಪನ್ನು ಹಿಂದಕ್ಕೆ ಮುಂದಕ್ಕೆ ಎಳೆಯುತ್ತ ಕೂತಿದ್ದ.

ದೊಡ್ಡಪ್ಪನಿಗೆ ಹೇಳುವ ಧೈರ್ಯ ಮಾತ್ರ ನನಗಿರಲಿಲ್ಲ. ಅವ್ವನನ್ನು ಮುಂದೆ ಬಿಟ್ಟೆ. ಅವ್ವ ಹಟ್ಟಿಗೆ ಹೋಗಿ, "ಯಾರೋ ರೈಲ್ವೆಯವರ ಕಡೆಯಿಂದ ಒಂದು ಸಂಬಂಧ ಬಂದೈತೆ ಭಾವ" ಎಂದು, ಸಂಬಂಧವು ತಾನೇ ರೈಲು ಹತ್ತಿ ಬಂದಿಳಿಯಿತೇನೋ ಎಂಬಂತೆ ಹೇಳಿದಳು. ಕುಲ ಒಂದೇ, ಗೋತ್ರದಂತೆ ನೋಡುವ ಬೆಡಗು ಬೇರೆ, ಕೆಲಸ ಪರ್ಮನೆಂಟು. ಆಕ್ಷೇಪಣೆಗೆ ಜಾಗವೇ ಇರಲಿಲ್ಲ. ಹಾಗಾಗಿ ದೊಡ್ಡಪ್ಪ ದೇವರನ್ನು ಕೇಳೋಣ ಎಂದ.

ನಮ್ಮಲ್ಲಿ ಜಾತಕ ನೋಡುವ ವಾಡಿಕೆ ಇಲ್ಲ, ಮನೆದೇವರಿಗೆ ಹೂ ಕೇಳುತ್ತಾರೆ. ಪೂಜಾರಿ ನೀರಲ್ಲಿ ಅದ್ದಿದ ಹೂವನ್ನು ದೇವರ ಎರಡೂ ಭುಜಕ್ಕೆ ಅಂಟಿಸುತ್ತಾನೆ, ಮನೆಯ ಹಿರಿಯರು ಪ್ರಶ್ನೆ ಇಡುತ್ತಾರೆ, ಎಲ್ಲರೂ ಉಸಿರು ಬಿಗಿಹಿಡಿದು ಕಾಯುತ್ತಾರೆ. ಬಲಗಡೆಯ ಹೂ ಮೊದಲು ಬಿದ್ದರೆ ಆಯಿತು ಎಂದರ್ಥ, ಎಡಗಡೆಯದು ಬಿದ್ದರೆ ಇಲ್ಲ. ಒಮ್ಮೆ ಕೇಳಿದ್ದನ್ನು ಮತ್ತೆ ಕೇಳುವಂತಿಲ್ಲ. ಆದರೆ ಆ ವರ್ಷ ಪೂಜಾರಿಯ ಮನೆಗೆ ಒಂದರ ಹಿಂದೆ ಒಂದು ಸೂತಕ ಬಂದು, ಹೂ ಕೇಳುವುದು ನಿಂತೇ ಹೋಗಿತ್ತು. ಹೊಸದುರ್ಗದ ಹೋಟೆಲಿನಲ್ಲಿ ಚಹಾ ಕುಡಿಯುತ್ತ ಯಾರೋ ಹೇಳಿದರಂತೆ, ಚಿತ್ರದುರ್ಗದಲ್ಲಿ ಕಂಪ್ಯೂಟರ್ ಜಾತಕ ನೋಡುತ್ತಾರೆ, ಗುಂಡಿ ಒತ್ತಿದರೆ ಸಾಕು, ಹೊಂದುತ್ತೋ ಇಲ್ಲವೋ ಹೇಳಿಬಿಡುತ್ತದೆ ಅಂತ. ದೊಡ್ಡಪ್ಪ ಫೋನ್ ಮಾಡಿದ.

"ಕಂಪ್ಯೂಟ್ರು ಅಂದ್ರೆ ನಿಂಗೂ ನಂಬ್ಕೆ ಐತಲ್ಲವ್ವ. ಅದನ್ನೇ ಕೇಳಾಣ. ಅದು ಏನಂತತೋ ಅದೇ ಆಗ್ಲಿ."

ಕಂಪ್ಯೂಟರನ್ನು ದಿನಾ ಬಿಚ್ಚುವವಳಿಗೆ ಅದರ ಮೇಲೆ ಎಷ್ಟು ನಂಬಿಕೆ ಇರುತ್ತದೆ ಎಂದು ಅವನಿಗೆ ಹೇಗೆ ಹೇಳಲಿ? ಹೂಂ ಎಂದೆ. ಚಿಕ್ಕಜಾಜೂರಿನ ತಾಯಿಯೂ, "ನಮ್ಮದೇನೂ ಇಲ್ಲ, ನೀವು ಕೇಳ್ಕಂಡು ಹೇಳ್ರಿ" ಎಂದರು. ಹೀಗೆ ನನ್ನ ಮದುವೆ ಆಗಬೇಕೋ ಬೇಡವೋ ಎಂಬುದನ್ನು ಚಿತ್ರದುರ್ಗದ ಒಂದು ಕಂಪ್ಯೂಟರು ತೀರ್ಮಾನಿಸತಕ್ಕದ್ದು ಎಂದು ಮೂರು ಜನ ದೊಡ್ಡವರು ಸೇರಿ ಒಪ್ಪಿಕೊಂಡರು.

ದೊಡ್ಡಪ್ಪ ಹೊಸದುರ್ಗದ ಬಸ್ಸಿನಲ್ಲಿ ಬಂದ, ನಾನು ಹೊಳಲ್ಕೆರೆಯಲ್ಲಿ ಅದೇ ಬಸ್ಸು ಹತ್ತಿದೆ. ಒಗೆದ ಬಿಳಿ ಅಂಗಿ, ಹೆಗಲ ಮೇಲೆ ಕಂಬಳಿ. ದಾರಿಯುದ್ದಕ್ಕೂ ನನ್ನ ಮುಖ ನೋಡುವುದು, ಕಿಟಕಿಯಾಚೆ ನೋಡುವುದು, ಮತ್ತೆ ನನ್ನ ಮುಖ ನೋಡುವುದು. ನಾನು ಮೊಬೈಲು ನೋಡುತ್ತ ಕೂತೆ. ಮೊಬೈಲಿನಲ್ಲಿ ನೋಡುವುದಕ್ಕೆ ಏನೂ ಇರಲಿಲ್ಲ.

ಜಾತಕದ ಅಂಗಡಿ ದುರ್ಗದ ಒಂದು ಗಲ್ಲಿಯಲ್ಲಿತ್ತು. ಕಂಪ್ಯೂಟರ್ ಜಾತಕ, ಪಾಸ್‌ಪೋರ್ಟ್ ಫೋಟೋ, ಲ್ಯಾಮಿನೇಷನ್ ಎಂದು ಬೋರ್ಡಿತ್ತು. ಹುಟ್ಟಿನಿಂದ ಹಿಡಿದು ಪ್ಲಾಸ್ಟಿಕ್ಕಿನ ಹೊದಿಕೆಯವರೆಗೆ ಒಂದೇ ಸೂರಿನಡಿ. ಒಳಗೆ ಅಂಗಡಿಯ ಯಜಮಾನರು ಕನ್ನಡಕ ಹಾಕಿಕೊಂಡು ಗಂಭೀರವಾಗಿ ಕೂತಿದ್ದರು. ಮಾನಿಟರಿನ ಹಣೆಗೆ ಮೂರು ಗೆರೆ ವಿಭೂತಿ, ನಡುವೆ ಕುಂಕುಮ. ಕೆಳಗಿನ ಸಿಪಿಯುಗೆ ಅರಿಶಿನದ ದಾರ. ನನ್ನ ಕಣ್ಣು ಅದರ ಫ್ಯಾನಿನ ಕಿಂಡಿಯೊಳಗೆ ಸಿಕ್ಕಿಕೊಂಡಿದ್ದ ಒಣಗಿದ ಚೆಂಡುಹೂವಿನ ಎಸಳುಗಳ ಮೇಲೆ ಹೋಯಿತು. ಕೈ ತುರಿಸಿತು. ಸುಮ್ಮನಿದ್ದೆ, ಅವತ್ತು ನಾನು ಮದುವೆಯ ಹೆಣ್ಣು.

"ಹುಡುಗಿ ಹುಟ್ಟಿದ ಹೊತ್ತು?" ಯಜಮಾನರು ಕೇಳಿದರು.

"ಕುರಿ ರೊಪ್ಪಕ್ಕೆ ಬರೋ ಹೊತ್ತು" ಎಂದ ದೊಡ್ಡಪ್ಪ.

ಯಜಮಾನರ ಬೆರಳು ಕೀಬೋರ್ಡಿನ ಮೇಲೆ ನಿಂತಿತು. ಕುರಿಗಳು ಸಂಜೆ ಮೇಯ್ದು ಕೊಟ್ಟಿಗೆಗೆ ಮರಳುವ ಹೊತ್ತನ್ನು ತುಂಬಿಸಿಕೊಳ್ಳಲು ಆ ಪ್ರೋಗ್ರಾಮಿನಲ್ಲಿ ಜಾಗವಿರಲಿಲ್ಲ. ಸ್ವಲ್ಪ ಯೋಚಿಸಿ ಆರೂ ಕಾಲು ಎಂದು ಹಾಕಿದರು. ನಿಮಿಷದ ಲೆಕ್ಕದಲ್ಲಿ ಗ್ರಹಗಳನ್ನು ಅಳೆಯುವ ಶಾಸ್ತ್ರಕ್ಕೆ ನಮ್ಮ ಕುರಿಗಳು ತಮ್ಮ ಕಾಣಿಕೆ ಸಲ್ಲಿಸಿದವು. ಹುಡುಗನ ವಿವರ ಅವನ ತಾಯಿ ಚೀಟಿಯಲ್ಲಿ ಬರೆದು ಕಳಿಸಿದ್ದರು, ಅದನ್ನೂ ತುಂಬಿಸಿದರು. 'ಹೊಂದಾಣಿಕೆ' ಎಂಬ ಗುಂಡಿಯ ಮೇಲೆ ಬಾಣ ಒಯ್ದು, ಮೇಲಿದ್ದ ದೇವರ ಪಟಕ್ಕೆ ಒಂದು ಸಲ ಕೈಮುಗಿದು, ಒತ್ತಿದರು.

ಟಣ್ ಎಂದಿತು. ಕಿಟಕಿ ತೆರೆಯಿತು. ಕೆಂಪು ಬೊಟ್ಟು, ಅದರೊಳಗೆ ಇಂಟು.

ನನಗೆ ಬಲು ಪ್ರಿಯವಾದ ರೋಗ ಎಂದು ಹೇಳಿದೆನಲ್ಲ, ಅದೇ. ಯಾವ ಕಡತ ಕಾಣೆಯಾಗಿದೆ ಎಂದು ಕೂತಲ್ಲಿಂದಲೇ ಓದಿದೆ. ನೂರು ಸಲ ನೋಡಿದ ಹೆಸರು. ನಗು ಬರುವುದರಲ್ಲಿತ್ತು, ಅಷ್ಟರಲ್ಲಿ ದೊಡ್ಡಪ್ಪ ಎದ್ದು ನಿಂತು ಕಂಬಳಿ ಸರಿಪಡಿಸಿಕೊಂಡ.

"ಕೆಂಪಗೆ ಇಂಟು ಹಾಕ್ತಲ್ಲ. ಎಡಕ್ಕೆ ಕೊಡ್ತು. ಹೋಗಾಣ ನಡಿಯವ್ವ."

"ದೊಡ್ಡಪ್ಪ, ಅದು ಎಡಕ್ಕೂ ಕೊಟ್ಟಿಲ್ಲ, ಬಲಕ್ಕೂ ಕೊಟ್ಟಿಲ್ಲ. ಮಿಷಿನ್ ಕೆಟ್ಟೈತೆ."

"ಇಷ್ಟೊತ್ತು ಹೆಸರು ಬರಕಂತು, ಹೊತ್ತು ಬರಕಂತು, ಆಗೆಲ್ಲ ಚೆನ್ನಾಗಿತ್ತು. ನಿಮ್ಮಿಬ್ಬರ ಜೋಡಿ ಕೇಳಿದ ಕೂಡ್ಲೆ ಕೆಡ್ತು ಅಂದ್ರೆ?"

ಈ ಪ್ರಶ್ನೆಗೆ ಉತ್ತರವಿತ್ತು. ಆ ಪ್ರೋಗ್ರಾಮಿನಲ್ಲಿ ವಿವರ ತುಂಬಿಸುವ ಭಾಗಕ್ಕೆ ಆ ಕಡತ ಬೇಕಿರಲಿಲ್ಲ, ಹೊಂದಾಣಿಕೆಯ ಭಾಗಕ್ಕೆ ಬೇಕಿತ್ತು. ಆದರೆ ತಾಂತ್ರಿಕ ಸತ್ಯವನ್ನು ಹೇಳಿದಾಗಲೆಲ್ಲ ಅದು ನೆಪದಂತೆಯೇ ಕೇಳಿಸುತ್ತದೆ, ಇದು ನನ್ನ ವೃತ್ತಿಜೀವನದ ಒಟ್ಟು ಅನುಭವ. ಯಜಮಾನರಿಗೆ ಬೇರೆ ಅವಮಾನವಾಗಿತ್ತು. "ಕುಂತ್ಕಳ್ರಿ ಹಿರೇರೆ, ಎರಡು ನಿಮಿಷ. ಹಿರಿಯೂರಲ್ಲಿ ನಮ್ಮ ಭಾವ ಇದೇ ಪ್ರೋಗ್ರಾಮು ಇಟ್ಕಂಡಾರೆ" ಎಂದು ಫೋನ್ ಹಚ್ಚಿದರು. ಹೆಪ್ಪು ಕೇಳುವುದಕ್ಕೆ ಎಂದು ನನಗೆ ಗೊತ್ತಾಯಿತು. ಹಿರಿಯೂರಿನ ಭಾವ ಅದೇ ಹೆಸರಿನ ಕಡತವನ್ನು ಮೊಬೈಲಿಗೆ ಕಳಿಸಿದರು. ಯಾವ ಫೋಲ್ಡರಿನಿಂದ ತೆಗೆದಿರಿ ಎಂದು ನಾನು ಪಕ್ಕದಿಂದ ಕೂಗಿ ಕೇಳಿದೆ. ಮೂವತ್ತೆರಡರದು ಬೇಕು ಅಂದಿದ್ದಕ್ಕೆ ಮೂವತ್ತೆರಡು ಎಂದು ಬರೆದಿರುವುದರಿಂದಲೇ ತೆಗೆದೆ ಎಂದು ಭಾವ ಜಂಬದಿಂದ ಹೇಳಿದರು. ಮುಗಿಯಿತು, ಬಂದದ್ದು ಅರವತ್ನಾಲ್ಕರದು ಎಂದುಕೊಂಡೆ. ಯಜಮಾನರು ಅದನ್ನು ಜಾತಕದ ಫೋಲ್ಡರಿಗೆ ಹಾಕಿ, ಮತ್ತೆ ಕೈಮುಗಿದು, ಮತ್ತೆ ಒತ್ತಿದರು. ಟಣ್ ಎಂದಿತು, ಈ ಸಲ ಬೇರೆ ಮಾತಿನ ಕಿಟಕಿ, ಅದೇ ಕೆಂಪು ಇಂಟು.

"ಎರಡನೇ ಸಲಾನೂ ಎಡಕ್ಕೇ" ಎಂದ ದೊಡ್ಡಪ್ಪ. ಅವನ ದನಿಯಲ್ಲಿ ಸಿಟ್ಟಿರಲಿಲ್ಲ, ಬೇಸರವಿತ್ತು. ಅದು ನನಗೆ ಹೆದರಿಕೆ ಹುಟ್ಟಿಸಿತು. ಸಿಟ್ಟಾದರೆ ಇಳಿಯುತ್ತದೆ, ದೊಡ್ಡಪ್ಪ ಬೇಸರದಿಂದ ಒಪ್ಪಿಕೊಂಡದ್ದನ್ನು ಮತ್ತೆ ಯಾರೂ ಬದಲಿಸಲಾರರು. ಚಿಕ್ಕಜಾಜೂರಿನವನು ಬೆಳಗ್ಗೆಯಿಂದ ಫೋನು ಕೈಯಲ್ಲಿ ಹಿಡಿದು ಕಾಯುತ್ತಿದ್ದ. ಒಂದು ಪುಡಿ ಕಡತಕ್ಕಾಗಿ ನಾನು ಅವನನ್ನು ಕಳೆದುಕೊಳ್ಳುವುದೇ? ಮದುವೆಯ ಹೆಣ್ಣಿನ ವೇಷ ಕಳಚಿಟ್ಟು, "ಏಳ್ರಿ ಅಲ್ಲಿಂದ" ಎಂದೆ.

"ಏ ತಾಯಿ, ಪೂಜೆ ಮಾಡಿದ ಮಿಷಿನ್ನದು, ಮುಟ್ಬ್ಯಾಡ್ರಿ!"

"ಪೂಜೆ ದಿನ ಏನೇನು ತೆಗೆದು ಹಾಕಿದ್ರಿ? ಅದನ್ನ ಹೇಳ್ರಿ ಮೊದ್ಲು."

ಯಜಮಾನರು ತಬ್ಬಿಬ್ಬಾದರು. ಆಯುಧಪೂಜೆಗೆ ಅಂಗಡಿ ತೊಳೆದಂತೆ ಕಂಪ್ಯೂಟರಿನ ಒಳಗೂ ಸ್ವಚ್ಛ ಮಾಡಿದ್ದರಂತೆ. ಫೋಟೋ ತಿದ್ದುವ ಒಂದು ಹಳೆಯ ಪ್ರೋಗ್ರಾಮು ಬೇಡವೆಂದು ತೆಗೆದರಂತೆ. ಹೋಗುವ ಮುಂಚೆ ಅದು ಒಂದು ಮಾತು ಕೇಳಿತಂತೆ. ಈ ಕಡತಗಳನ್ನು ಬೇರೆಯವರೂ ಬಳಸುತ್ತಿರಬಹುದು, ಇವನ್ನೂ ತೆಗೆಯಲೇ? ಯಜಮಾನರು ಎಲ್ಲದಕ್ಕೂ ಹೌದು ಒತ್ತಿದರಂತೆ. "ಹಬ್ಬದ ದಿನ ಕಸ ಯಾಕೆ ಉಳಿಸ್ಬೇಕು ಅಂತ ಒತ್ತಿದೆ." ಅವತ್ತಿನಿಂದ ಬರೀ ಜಾತಕ ಬರೆಸುವವರೇ ಬಂದಿದ್ದರು, ಹೊಂದಾಣಿಕೆ ಕೇಳಲು ಬಂದ ಮೊದಲಿಗರು ನಾವೇ. ಆ ಭಾಗ್ಯ ನನ್ನದೇ ಆಗಬೇಕಿತ್ತು, ಇನ್ನು ಯಾರದು?

ನಾನು ದೊಡ್ಡಪ್ಪನ ಕಡೆ ತಿರುಗಿದೆ. "ದೊಡ್ಡಪ್ಪ, ನಮ್ಮ ಹಟ್ಟಿ ಗುಡಿ ಕೋಣೇಲಿ ದೊಡ್ಡ ಕೊಪ್ಪರಿಗೆ ಐತಲ್ಲ, ಯಾರ ಮನೇದು ಅದು?"

"ಯಾರ ಮನೇದೂ ಅಲ್ಲ. ಎಲ್ಲರದೂ. ಯಾರ ಮನೇಲಿ ಮದ್ವೆ ಆದ್ರೂ ಅದ್ರಾಗೇ ಸಾರು."

"ಹಟ್ಟಿ ಬಿಟ್ಟು ಹೋಗೋ ಮನೆಯೋರು ಒಬ್ರು, ಇದು ನಮಗಿನ್ನು ಬ್ಯಾಡ ಅಂತ ಅದನ್ನೂ ಗುಜರಿಗೆ ಹಾಕಿ ಹೋದ್ರೆ? ಮುಂದಿನ ಮದ್ವೆ ಮನೆಯೋರು ಒಲೆ ಹಚ್ಚಿ ನೋಡ್ತಾರೆ, ಕೊಪ್ಪರಿಗೆ ಇಲ್ಲ. ಅಡುಗೆ ಆಗ್ಲಿಲ್ಲ ಅಂತ ಆ ಮದ್ವೇನೇ ದೇವ್ರಿಗೆ ಬ್ಯಾಡ ಅಂತೀಯೇನು?"

ದೊಡ್ಡಪ್ಪ ನಿಧಾನವಾಗಿ ಯಜಮಾನರ ಕಡೆ ನೋಡಿದ. ಆ ನೋಟವನ್ನು ನಾನು ತೋಳ ಬಂದ ಸುದ್ದಿ ಕೇಳಿದಾಗ ಮಾತ್ರ ಅವನ ಮುಖದಲ್ಲಿ ಕಂಡಿದ್ದೆ.

"ಲೇ, ಊರ ಕೊಪ್ಪರಿಗೆ ಗುಜರಿಗೆ ಹಾಕಿ, ಮ್ಯಾಲೆ ವಿಭೂತಿ ಬಳದು ಕುಂತೀಯೇನಲೇ?"

ಯಜಮಾನರು ಕನ್ನಡಕ ತೆಗೆದು ಒರೆಸಿಕೊಂಡರು. ಡಿಎಲ್‌ಎಲ್ ಎಂದರೇನೆಂದು ಕಾಲೇಜು ಓದಿದವರಿಗೆ ಅರ್ಧ ದಿನ ವಿವರಿಸಿ ಸೋತವಳು ನಾನು. ದೊಡ್ಡಪ್ಪನಿಗೆ ಅದು ಅರ್ಥವಾದದ್ದಷ್ಟೇ ಅಲ್ಲ, ಆ ಕಡತದ ಪರವಾಗಿ ಹೊಡೆದಾಟಕ್ಕೂ ಅವನು ತಯಾರಾಗಿದ್ದ.

ಆದರೂ ಒಂದು ತೊಡಕು ಉಳಿದಿತ್ತು. "ಕೊಪ್ಪರಿಗೆ ಮಾತು ಸರಿಯವ್ವ. ಆದ್ರೆ ಒಂದ್ಸಲ ಕೇಳಿದ್ದನ್ನ ಮತ್ತೆ ಕೇಳಂಗಿಲ್ಲ. ನಾವು ಎರಡು ಸಲ ಕೇಳಿಬಿಟ್ವಿ."

"ಕೇಳೇ ಇಲ್ಲ ದೊಡ್ಡಪ್ಪ. ಹೂವು ಸರಿಯಾಗಿ ಅಂಟದೆ, ನೀನು ಪ್ರಶ್ನೆ ಇಡಾಕೆ ಮುಂಚೆನೇ ಬಿದ್ರೆ ಪೂಜಾರಿ ಏನ್ಮಾಡ್ತಾನೆ?"

"ಅದು ಲೆಕ್ಕಕ್ಕಿಲ್ಲ. ಇನ್ನೊಂದು ಹೂ ಅಂಟಿಸ್ತಾನೆ."

"ಇದೂ ಅಷ್ಟೇಯ. ನಮ್ಮ ಪ್ರಶ್ನೆ ಇನ್ನೂ ಒಳಗೆ ಮುಟ್ಟಿಲ್ಲ. ಬಾಗ್ಲಲ್ಲೇ ಬಿದ್ದೈತೆ. ನಾನು ಸರಿ ಮಾಡ್ತೀನಿ. ಆಮೇಲೆ ಅದು ಹೇಳೋದೇ ಖರೆ ಮಾತು."

ಈ ಕೊನೆಯ ವಾಕ್ಯವನ್ನು ಹೇಳಬೇಕಾಗಿರಲಿಲ್ಲ. ಹೇಳಿದೆ, ವಾದ ಗೆಲ್ಲುವ ಹುರುಪಿನಲ್ಲಿ.

ದೊಡ್ಡಪ್ಪ ಕೂತ. ನಾನು ಕೆಲಸಕ್ಕೆ ಇಳಿದೆ. ಮೊದಲು ಹಿರಿಯೂರಿನ ಹೆಪ್ಪನ್ನು ತೆಗೆದು ಬಿಸಾಕಿದೆ. ಪ್ರೋಗ್ರಾಮು ಕಡತ ಹುಡುಕುವಾಗ ಮೊದಲು ತನ್ನ ಮನೆಯೊಳಗೇ ನೋಡುತ್ತದೆ, ಅಲ್ಲಿ ತಪ್ಪು ತಳಿಯದು ಕೂತಿದ್ದರೆ ಹೊರಗೆ ಸರಿಯಾದದ್ದಿದ್ದರೂ ಪ್ರಯೋಜನವಿಲ್ಲ. ಆಮೇಲೆ ನನ್ನ ಚೀಲದಿಂದ ಪೆನ್‌ಡ್ರೈವ್ ತೆಗೆದೆ. ಜಾತಕ ಕೇಳಲು ಹೋಗುವಾಗಲೂ ಅದನ್ನು ಬಿಟ್ಟು ಹೋಗುವವಳಲ್ಲ ನಾನು. ಇಂಥ ಹಂಚಿಕೊಳ್ಳುವ ಕಡತಗಳನ್ನು ಬಿಡಿಬಿಡಿಯಾಗಿ ಭಿಕ್ಷೆ ಎತ್ತಬೇಕಾಗಿಲ್ಲ, ಅವನ್ನು ಮಾಡಿದವರೇ ಇಡೀ ಗಂಟನ್ನು ಪುಕ್ಕಟೆ ಕೊಡುತ್ತಾರೆ. ಗಂಟು ಬಿಚ್ಚಿದರೆ ಯಾವುದು ಎಲ್ಲಿ ಕೂರಬೇಕೋ ಅಲ್ಲಿ ಹೋಗಿ ಕೂರುತ್ತದೆ, ಕೂತದ್ದನ್ನು ಕಂಪ್ಯೂಟರಿಗೆ ತಿಳಿಸುತ್ತದೆ ಕೂಡ. ಮೂವತ್ತೆರಡರ ಗಂಟನ್ನು ಹಾಕಿದೆ, ಜೊತೆಗೆ ಅರವತ್ನಾಲ್ಕರದನ್ನೂ ಹಾಕಿದೆ, ಇನ್ನೊಬ್ಬಳ ಮದುವೆಗೆ ಬೇಕಾದೀತು ಎಂದು. ಕಂಪ್ಯೂಟರು ಆರಿಸಿ ಮತ್ತೆ ಹಚ್ಚಿದೆ. ಅದು ಏಳುವಷ್ಟರಲ್ಲಿ ಫ್ಯಾನಿನ ಕಿಂಡಿಯಿಂದ ಚೆಂಡುಹೂವಿನ ಎಸಳುಗಳನ್ನೂ ಕಿತ್ತೆ. ಯಜಮಾನರು ಈ ಸಲ ತಡೆಯಲಿಲ್ಲ.

ವಿವರ ಮತ್ತೆ ತುಂಬಿಸಿದೆವು. ಕುರಿ ರೊಪ್ಪಕ್ಕೆ ಬಂದವು, ಆರೂ ಕಾಲಾಯಿತು. ಗುಂಡಿ ಒತ್ತುವ ಹಕ್ಕನ್ನು ಯಜಮಾನರಿಗೇ ಬಿಟ್ಟೆ. ಒತ್ತಿದರು. ಟಣ್ ಎನ್ನಲಿಲ್ಲ. ಹಸಿರು ಪಟ್ಟಿಯೊಂದು ಎಡದಿಂದ ಬಲಕ್ಕೆ ತುಂಬುತ್ತ ಹೋಯಿತು. ಆ ಪಟ್ಟಿಯನ್ನು ದಿನಕ್ಕೆ ಹತ್ತು ಸಲ ನೋಡುವವಳು ನಾನು, ಅದು ತುಂಬುವಾಗ ಚಹಾ ಕುಡಿದು ಬರುವವಳು. ಅವತ್ತು ಅಲ್ಲಿಂದ ಕದಲಲಿಲ್ಲ. ಈ ಪೆಟ್ಟಿಗೆಯೊಳಗೆ ಏನೂ ಇಲ್ಲವೆಂದು ಖಂಡಿತವಾಗಿ ಬಲ್ಲವಳೇ ಅದರ ಮುಂದೆ ಕೈ ಹಿಸುಕಿಕೊಳ್ಳುತ್ತ ನಿಂತಿದ್ದೆ. ಪಟ್ಟಿ ತುಂಬಿತು. ಕನ್ನಡ ಅಕ್ಷರಗಳು ಚೆಂದವಾಗಿ, ಒಂದೂ ತಪ್ಪಿಲ್ಲದೆ ಮೂಡಿದವು.

ಮೂವತ್ತಾರು ಗುಣಕ್ಕೆ ಹನ್ನೊಂದೂವರೆ. ಕೆಳಗೆ ಕೆಂಪಕ್ಷರದಲ್ಲಿ, ವಿವಾಹಕ್ಕೆ ಯೋಗ್ಯವಲ್ಲ.

ಆ ಅರ್ಧವನ್ನು ಯಾವ ಕರುಣೆಯಿಂದ ಕೊಟ್ಟಿತೋ ಎಂದು ನಾನು ಯೋಚಿಸಿದ್ದು ನೆನಪಿದೆ. ಯಜಮಾನರು ಕೆಮ್ಮಿ, "ಎಂಟು ಅಂಕದ ನಾಡಿ ಕೂಟವೇ ಸೊನ್ನೆ ಐತ್ರಿ" ಎಂದರು, ನನ್ನ ಎಕ್ಸ್‌ರೇ ನೋಡಿದ ಡಾಕ್ಟರ ಗತ್ತಿನಲ್ಲಿ.

"ಈಗ ಮಿಷಿನ್ ಸರಿ ಐತಾ?" ದೊಡ್ಡಪ್ಪ ನನ್ನನ್ನೇ ಕೇಳಿದ.

"ಐತೆ."

"ಕೊಪ್ಪರಿಗೆ ವಾಪಸ್ ಬಂತಾ?"

"ಬಂತು."

"ಪ್ರಶ್ನೆ ಒಳಗೆ ಮುಟ್ತಾ?"

"ಮುಟ್ತು." ಕೋರ್ಟಿನಲ್ಲಿ ನನ್ನ ವಿರುದ್ಧ ನಾನೇ ಸಾಕ್ಷಿ ಹೇಳುತ್ತಿದ್ದೆ. ಹನ್ನೆರಡು ವರ್ಷ ಕಲಿತ ವಿದ್ಯೆಯನ್ನೆಲ್ಲ ಖರ್ಚು ಮಾಡಿ, ನನಗೆ ಬೇಡವೆಂದು ಹೇಳಲಿರುವ ಬಾಯಿಯನ್ನು ನಾನೇ ಹೊಲಿಗೆ ಬಿಚ್ಚಿ ಸರಿಮಾಡಿ ಕೊಟ್ಟಿದ್ದೆ. ಕೆಟ್ಟೇ ಇದ್ದಿದ್ದರೆ ಏನಾದರೂ ವಾದಿಸಬಹುದಿತ್ತು.

ಆದರೂ ಪ್ರಯತ್ನ ಬಿಡಲಿಲ್ಲ. "ನಾನು ಹುಟ್ಟಿದ ದಿನ ಮಳೆ ಬಂದಿತ್ತಂತಲ್ಲ ದೊಡ್ಡಪ್ಪ, ಕುರಿ ಬೇಗ ಬಂದಿರಬೇಕು. ಐದೂವರೆ ಅಂತ ಹಾಕಿ ನೋಡಾಣ."

"ಅವತ್ತು ಕುರಿ ಹಿಂದೆ ಇದ್ದೋನು ನಾನೇ. ಬೇಗ ಬಂದಿರ್ಲಿಲ್ಲ."

"ಇನ್ನೂ ಯಾವುದೋ ಫೈಲು ಹಳೇದು ಉಳ್ಕಂಡಿರಬೋದು."

ಈಗ ಯಜಮಾನರಿಗೆ ರೋಷ ಬಂತು. "ನೀವೇ ಸರಿ ಮಾಡಿದ್ದಲ್ರಿ ಮೇಡಂ! ಎಲ್ಲ ಬಂದೈತೆ ಅಂದೋರೂ ನೀವೇ." ಆ ಮಧ್ಯಾಹ್ನ ಅವರು ಆಡಿದ ಮಾತುಗಳಲ್ಲಿ ಸರಿಯಾದದ್ದು ಅದೊಂದೇ.

ದೊಡ್ಡಪ್ಪ ಕಂಬಳಿ ಎತ್ತಿ ಹೆಗಲಿಗೆ ಹಾಕಿಕೊಂಡ. ಬಾಗಿಲ ಕಡೆ ಹೆಜ್ಜೆ ಇಟ್ಟ. ನನ್ನ ಬಾಯಲ್ಲಿ ಇನ್ನು ಯಾವ ಕಡತವೂ ಉಳಿದಿರಲಿಲ್ಲ, ಕೊಪ್ಪರಿಗೆಯೂ ಇಲ್ಲ, ಹೂವೂ ಇಲ್ಲ.

"ಅದು ಏನಾದ್ರೂ ಅನ್ಲಿ ದೊಡ್ಡಪ್ಪ" ಎಂದೆ. ದನಿ ನನ್ನದೇ ಎಂದು ನನಗೇ ಗೊತ್ತಾಗಲಿಲ್ಲ. "ಹನ್ನೊಂದು ಬರ್ಲಿ, ಸೊನ್ನೆ ಬರ್ಲಿ. ನಂಗೆ ಅವನೇ ಬೇಕು. ಅವನ್ನ ಬಿಟ್ಟು ನಂಗೆ ಯಾರೂ ಬ್ಯಾಡ." ಅಷ್ಟು ಹೇಳಿ ಅತ್ತುಬಿಟ್ಟೆ, ಪಾಸ್‌ಪೋರ್ಟ್ ಫೋಟೋ ತೆಗೆಯುವ ನೀಲಿ ಬಟ್ಟೆಯ ಮುಂದೆ ನಿಂತು. ಯಜಮಾನರು ಮರ್ಯಾದಸ್ಥರು, ದೇವರ ಪಟದ ಕಡೆಗೆ ಮುಖ ತಿರುಗಿಸಿ ಕೂತರು.

ದೊಡ್ಡಪ್ಪ ಬಾಗಿಲಲ್ಲೇ ನಿಂತು ನನ್ನನ್ನು ನೋಡಿದ. ಬಸ್ಸಿನಲ್ಲಿ ನೋಡಿದಂತೆಯೇ ನೋಡಿದ, ಆದರೆ ಈ ಸಲ ನನ್ನ ಕೈಯಲ್ಲಿ ಮೊಬೈಲಿರಲಿಲ್ಲ.

"ನಿಮ್ಮವ್ವ ಬಂದು ಯಾರೋ ರೈಲ್ವೆಯವರು ಅಂದ್ಳು" ಎಂದ. "ಕಂಪ್ಯೂಟ್ರನ್ನ ಕೇಳಾಣ ಅಂದ್ರೆ ನೀನು ಬರೀ ಹೂಂ ಅಂದೆ, ಬಸ್ಸಲ್ಲಿ ಮುಖ ನೋಡಿದ್ರೆ ಮೊಬೈಲು ನೋಡ್ತಿದ್ದೆ. ಬೇಕೋ, ಬ್ಯಾಡೋ? ಅಪ್ಪ ಇಲ್ಲದ ಕೂಸು, ನಾನು ಒಪ್ಪಿ ಆಮೇಲೆ ನಿಂಗೆ ಮನಸ್ಸಿರ್ಲಿಲ್ಲ ಅಂದ್ರೆ ಯಾರಿಗೆ ಮುಖ ತೋರಿಸ್ಲಿ? ನೀನು ಬಾಯಿ ಬಿಡ್ಲಿಲ್ಲ, ಅದ್ಕೇ ಇದನ್ನ ಕೇಳಾಕೆ ಬಂದೆ."

ದೊಡ್ಡಪ್ಪ ಯಜಮಾನರಿಗೆ, "ಅದನ್ನ ಆರಿಸ್ರಿ ಸ್ವಾಮಿ, ಪಾಪ ಸುಮ್ನೆ ಉರೀತೈತೆ" ಎಂದು ಹೇಳಿದ. ಆಮೇಲೆ ಕಂಬಳಿಯ ತುದಿಯಿಂದ ನನ್ನ ಮುಖ ಒರೆಸಿದ. ಅದು ಚುಚ್ಚಿತು, ಕುರಿ ವಾಸನೆ ಹೊಡೆಯಿತು.

"ಹುಚ್ಚಿ, ಈ ಮಾತು ಹಟ್ಟೀಲೇ ಅಂದಿದ್ರೆ ಇಷ್ಟೊತ್ತಿಗೆ ಚಿಕ್ಕಜಾಜೂರಲ್ಲಿ ಆ ಹುಡುಗನ ಮನೇಲಿ ಊಟಕ್ಕೆ ಕುಂತಿರ್ತಿದ್ವಿ" ಎಂದ.